ಕೇಳಿಸದೇ ಹೋದ ದಪ್ಪ ತಂತಿ



ಬೆಂಗಳೂರಿನ ತುಮಕೂರು ರಸ್ತೆಯಲ್ಲಿ ದಾಸರಹಳ್ಳಿ, ನಾಗಸಂದ್ರ, ಮಾದಾವರ ದಾಟಿದರೆ ಮಾಕಳಿ. ಹಿಮಾಲಯ ಔಷಧ ಕಂಪನಿ ಇರುವ ಊರು ಅಂದರೆ ಹೆಚ್ಚಿನವರಿಗೆ ಗುರುತು ಸಿಗುತ್ತದೆ. ಮೆಟ್ರೋ 2024ರ ನವೆಂಬರಿನಲ್ಲಿ ಮಾದಾವರದವರೆಗೆ ಬಂದು ನಿಂತಿದೆ. ಅಲ್ಲಿಂದ ಮುಂದಕ್ಕೆ ಬಸ್ಸು, ಆಟೋ, ಅದೂ ಸಿಗದಿದ್ದರೆ ಕಾಲ್ನಡಿಗೆ. ನಾನು ಪೀಣ್ಯದ ಕಾರ್ಖಾನೆಗಳಲ್ಲಿ 31 ವರ್ಷ ಡೈ ಮಾಡಿದವನು. ಡೈ ಅಂದರೆ ಗಾಬರಿಯಾಗಬೇಡಿ, ತಗಡನ್ನು ಒತ್ತಿ ಆಕಾರಕ್ಕೆ ತರುವ ಉಕ್ಕಿನ ಅಚ್ಚು. ಆದರೂ ಇವತ್ತು ನಾನು ಮಾತಾಡಲು ಬಂದಿರುವುದು ಸಾವಿನ ಹೆಸರನ್ನೇ ಇಟ್ಟುಕೊಂಡ ಒಂದು ಸಂಗೀತದ ಬಗ್ಗೆ.

ರಿಟೈರ್ ಆದಮೇಲೆ ಮನೆ ಹಿಂದಿನ ಶೆಡ್ಡಿನಲ್ಲಿ ಒಂದು ಸರ್ಫೇಸ್ ಗ್ರೈಂಡರು, ಒಂದು ಹಳೇ ಪವರ್ ಪ್ರೆಸ್ಸು ಇಟ್ಟುಕೊಂಡು ಚಿಲ್ಲರೆ ಕೆಲಸ ಮಾಡುತ್ತೇನೆ. ಕೈ ಸುಮ್ಮನಿದ್ದರೆ ತಲೆ ಕೆಡುತ್ತದೆ, ಅಷ್ಟೇ. ಪಕ್ಕದ ಶೆಡ್ಡು ಬಹಳ ದಿನ ಖಾಲಿ ಬಿದ್ದಿತ್ತು. ಒಂದು ಭಾನುವಾರ ಸಂಜೆ ಗ್ರೈಂಡರ್ ಮುಂದೆ ನಿಂತಿದ್ದೆ. ಇದ್ದಕ್ಕಿದ್ದಂತೆ ಗರಗರ ಅಂತ ಸದ್ದು. ಬೇರಿಂಗ್ ಹೋಯಿತು ಅಂದುಕೊಂಡು ಮೆಯಿನ್ ಸ್ವಿಚ್ಚು ಆರಿಸಿದೆ. ಕಲ್ಲು ತಿರುಗಿ ತಿರುಗಿ ನಿಂತಿತು, ಸದ್ದು ಮಾತ್ರ ನಿಲ್ಲಲಿಲ್ಲ. ಹೊರಗೆ ಬಂದು ನೋಡಿದರೆ ಪಕ್ಕದ ಶೆಡ್ಡಿನ ರೋಲಿಂಗ್ ಶಟರ್ ಮುಕ್ಕಾಲು ಇಳಿದಿದೆ. ಒಳಗೆ ನಾಲ್ಕು ಹುಡುಗರು. ಇಬ್ಬರ ಕೈಯಲ್ಲಿ ಗಿಟಾರು, ಒಬ್ಬನ ಕೈಯಲ್ಲಿ ಉದ್ದ ಕತ್ತಿನ ಬೇಸ್ ಗಿಟಾರು, ಇನ್ನೊಬ್ಬ ಡ್ರಮ್ಸಿನ ಹಿಂದೆ ಅರ್ಧ ಮುಳುಗಿ ಕೂತಿದ್ದಾನೆ. ಇಬ್ಬರು ಸಾಫ್ಟ್‌ವೇರ್ ಕೆಲಸದವರು, ಒಬ್ಬ ನೆಲಮಂಗಲದವನು, ಇನ್ನೊಬ್ಬ ಇನ್ನೂ ಓದುತ್ತಿರುವವನು. ಊರೊಳಗೆ ಎಲ್ಲಿ ಅಭ್ಯಾಸ ಮಾಡಿದರೂ ಪಕ್ಕದ ಮನೆಯವರು ಬಂದು ಬಾಗಿಲು ಬಡಿಯುತ್ತಾರಂತೆ. ಪ್ರೆಸ್ಸುಗಳ ನಡುವೆ ಆದರೆ ಯಾರೂ ಕೇಳುವುದಿಲ್ಲ ಅಂತ ಇಲ್ಲಿಗೆ ಬಂದಿದ್ದರು.

"ಅಂಕಲ್, ಡಿಸ್ಟರ್ಬ್ ಆಯ್ತಾ?" ಅಂದ ಡ್ರಮ್ಸಿನ ಹುಡುಗ.

"ಡಿಸ್ಟರ್ಬ್ ಹಾಳಾಗ್ಲಿ. ಅದೇನು ಬಾರಿಸ್ತಿದ್ದೀಯಪ್ಪ, ಪ್ರತಿ ಸುತ್ತಿಗೂ ಒಂದು ಏಟು ನುಂಗ್ತಿದ್ದೀಯಲ್ಲ?"

ಅವನು ಕೋಲು ಕೆಳಗಿಟ್ಟು ನನ್ನನ್ನೇ ನೋಡಿದ. "ನುಂಗ್ತಿಲ್ಲ ಅಂಕಲ್. ಅಲ್ಲಿರೋದೇ ಏಳು. ನೀವು ಎಂಟು ಎಣಿಸ್ತಿದ್ದೀರ."

ಮೂವತ್ತು ವರ್ಷ ಮೈಕ್ರಾನ್ ಲೆಕ್ಕದಲ್ಲಿ ಬದುಕಿದ ನನಗೆ ಅಳತೆ ತಪ್ಪು ಅಂತ ಹೇಳಿದವರು ಕಡಿಮೆ. ಮನೆಗೆ ಬಂದು ಊಟಕ್ಕೆ ಕೂತಾಗಲೂ ತೊಡೆಯ ಮೇಲೆ ಎಣಿಸುತ್ತಿದ್ದೆ. ಏಳೇ ಇತ್ತು. ಮುಂದಿನ ಭಾನುವಾರ ಹೋಗಿ ಕೇಳಿದೆ: ಇದನ್ನು ಮೊದಲು ಮಾಡಿದವರು ಯಾರು? ನಾಲ್ಕು ಜನ ನಾಲ್ಕು ಹೆಸರು ಹೇಳಿ ಅಲ್ಲೇ ಜಗಳಕ್ಕೆ ನಿಂತರು. ಕೊನೆಗೆ ನಾಲ್ವರೂ ಒಪ್ಪಿದ್ದು ಒಂದು ಆಲ್ಬಮ್ಮಿಗೆ. ತಂಡದ ಹೆಸರು ಡೆತ್, ಆಲ್ಬಮ್ಮಿನ ಹೆಸರು ಹ್ಯೂಮನ್, ವರ್ಷ 1991. ಸಾವು ಅನ್ನುವವರು ಮನುಷ್ಯ ಅಂತ ಹೆಸರಿಟ್ಟಿದ್ದಾರಲ್ಲ ಅಂತ ಕುತೂಹಲ ಹುಟ್ಟಿತು. ಆಮೇಲೆ ಕೇಳುತ್ತಾ, ಓದುತ್ತಾ, ಆ ಹುಡುಗರ ತಲೆ ತಿನ್ನುತ್ತಾ ತಿಳಿದುಕೊಂಡಿದ್ದನ್ನು ನಿಮ್ಮ ಮುಂದೆ ಇಡುತ್ತೇನೆ.

ಕಥೆ ಶುರುವಾಗುವುದು ಒಂದು ಪ್ರೆಸ್ ಶಾಪಿನಲ್ಲಿ. ಇದು ನನಗೆ ತೀರಾ ಹತ್ತಿರದ ವಿಷಯ. ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ಅಂದರೆ ಅವರ ಪೀಣ್ಯ ಅನ್ನಿ, ಇನ್ನೂ ದೊಡ್ಡದು. ಅಲ್ಲಿ 1960ರ ದಶಕದಲ್ಲಿ ಟೋನಿ ಅಯೋಮಿ ಅನ್ನುವ 17 ವರ್ಷದ ಹುಡುಗ ತಗಡಿನ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದ. ಗಿಟಾರು ನುಡಿಸುತ್ತಿದ್ದ, ಒಂದು ತಂಡದ ಜೊತೆ ಹೊರಡಲು ಕೆಲಸ ಬಿಟ್ಟಿದ್ದ. ಅವತ್ತು ಕೊನೇ ದಿನ. ಮಷಿನ್ನಿಗೆ ಸಿಕ್ಕಿ ಬಲಗೈಯ ಎರಡು ಬೆರಳಿನ ತುದಿ ಹೋಯಿತು. ಅವನು ಎಡಚ. ಹಾಗಾಗಿ ಗಿಟಾರಿನ ತಂತಿ ಒತ್ತಬೇಕಾದ ಕೈಯೇ ಅದು.

ಪ್ರೆಸ್ಸಿಗೆ ಬೆರಳು ಕೊಟ್ಟವರನ್ನು ನಾನು ಬಹಳ ನೋಡಿದ್ದೇನೆ. ಶಿಫ್ಟು ಬಿಟ್ಟಮೇಲೆ ಚಹಾ ಅಂಗಡಿ ಮುಂದೆ ಗಾಜಿನ ಲೋಟವನ್ನು ಹೆಬ್ಬೆರಳು, ಕಿರುಬೆರಳಿನ ನಡುವೆ ಸಿಕ್ಕಿಸಿಕೊಂಡು ಕುಡಿಯುತ್ತಾರೆ. ಯಾರೂ ಆ ಕೈಯನ್ನು ದಿಟ್ಟಿಸಿ ನೋಡುವುದಿಲ್ಲ. ಅದು ನಮ್ಮಲ್ಲಿ ಮರ್ಯಾದೆ.

ಅಯೋಮಿ ಗಿಟಾರು ಮುಗಿಯಿತು ಅಂತ ಕೂತಿದ್ದಾಗ ಕಾರ್ಖಾನೆಯ ಮೇಲಿನವರೊಬ್ಬರು ಅವನಿಗೆ ಜ್ಯಾಂಗೋ ರೈನ್‌ಹಾರ್ಟ್ ಎಂಬ ಗಿಟಾರ್ ವಾದಕನ ರೆಕಾರ್ಡು ಕೇಳಿಸಿದರು. ಬೆಂಕಿ ಅನಾಹುತದಲ್ಲಿ ಎಡಗೈಯ ಎರಡು ಬೆರಳು ಸೊಟ್ಟಗಾಗಿ, ಮಿಕ್ಕ ಬೆರಳಿನಲ್ಲೇ ನುಡಿಸಿದವನು ಆತ. ಹುಡುಗ ಪ್ಲಾಸ್ಟಿಕ್ ಬಾಟಲಿ ಕರಗಿಸಿ ಬೆರಳ ತುದಿಗೆ ಟೊಪ್ಪಿಗೆ ಮಾಡಿಕೊಂಡ, ಮೇಲೆ ಚರ್ಮ ಅಂಟಿಸಿದ. ತನ್ನ ಬೆರಳಿಗೆ ತಾನೇ ಅಚ್ಚು ಮಾಡಿಕೊಂಡ ಅನ್ನಿ. ಆಮೇಲೂ ನೋವಾಗುತ್ತಿತ್ತು. ಅದಕ್ಕೆ ತೆಳ್ಳನೆ ತಂತಿ ಹಾಕಿದ, ಮುಂದೆ ಅದನ್ನೂ ಸಡಿಲ ಬಿಟ್ಟ. ತಂತಿ ಸಡಿಲವಾದರೆ ಶ್ರುತಿ ಇಳಿಯುತ್ತದೆ, ನಾದ ಭಾರವಾಗುತ್ತದೆ. ನಮ್ಮೂರ ಹಬ್ಬದಲ್ಲಿ ತಮಟೆಯವರು ಹುಲ್ಲಿಗೆ ಬೆಂಕಿ ಹಚ್ಚಿ ಚರ್ಮ ಕಾಯಿಸಿ ಬಿಗಿ ಮಾಡಿಕೊಳ್ಳುತ್ತಾರೆ. ಇವನದು ಅದರ ತಿರುಗುಮುರುಗು. 1970ರ ಫೆಬ್ರವರಿಯಲ್ಲಿ ಅವನ ತಂಡ ಬ್ಲ್ಯಾಕ್ ಸಬ್ಬತ್ತಿನ ಮೊದಲ ರೆಕಾರ್ಡು ಬಂತು. ಹೆವಿ ಮೆಟಲ್ ಅನ್ನುವ ವಂಶದ ಮೂಲಪುರುಷ ಅದು. ಆ ಭಾರದ ಹಿಂದೆ ಒಂದು ಪ್ರೆಸ್ಸಿನ ಏಟಿದೆ ಅನ್ನುವುದನ್ನು ಈ ಸಂಗೀತವನ್ನು ಸೈತಾನನ ಕೂಗು ಅನ್ನುವವರು ಸ್ವಲ್ಪ ತಿಳಿದುಕೊಂಡರೆ ಒಳ್ಳೆಯದು.

ಅಲ್ಲಿಂದ ಮುಂದೆ ಹತ್ತು ಹದಿನೈದು ವರ್ಷ ನಡೆದದ್ದು ವೇಗದ ಪೈಪೋಟಿ. ಮೋಟರ್‌ಹೆಡ್, ವೆನಮ್, ಮೆಟಾಲಿಕಾ, ಸ್ಲೇಯರ್, ಒಬ್ಬರಿಗಿಂತ ಒಬ್ಬರು ಜೋರು. 1985ರಲ್ಲಿ ಕ್ಯಾಲಿಫೋರ್ನಿಯಾದ ಪೊಸೆಸ್ಡ್ ಅನ್ನುವ ತಂಡ ತನ್ನ ಮೊದಲ ಆಲ್ಬಮ್ಮಿನ ಒಂದು ಹಾಡಿಗೆ ಡೆತ್ ಮೆಟಲ್ ಅಂತಲೇ ಹೆಸರಿಟ್ಟಿತು. ಗಂಟಲಿನ ಆಳದಿಂದ ಗುರುಗುಟ್ಟುವ ಹಾಡುಗಾರಿಕೆ ಆ ಹೊತ್ತಿಗೆ ಬಂದಿತ್ತು.

ಇನ್ನು ನಮ್ಮ ಕಥಾನಾಯಕ. ಚಕ್ ಶುಲ್ಡಿನರ್ ಹುಟ್ಟಿದ್ದು 1967ರ ಮೇ 13ರಂದು, ನ್ಯೂಯಾರ್ಕ್ ಕಡೆ. ಬೆಳೆದದ್ದು ಫ್ಲೋರಿಡಾದ ಒರ್ಲ್ಯಾಂಡೊ ಬಳಿಯ ಆಲ್ಟಮಾಂಟ್ ಸ್ಪ್ರಿಂಗ್ಸ್‌ನಲ್ಲಿ. ಅವನಿಗೆ ಒಂಬತ್ತು ವರ್ಷ ಆಗಿದ್ದಾಗ 16 ವರ್ಷದ ಅಣ್ಣ ತೀರಿಕೊಂಡ. ಮಗು ಮಂಕಾಗಿ ಕೂತದ್ದನ್ನು ನೋಡಲಾರದೆ ತಂದೆತಾಯಿ ಒಂದು ಗಿಟಾರು ತಂದುಕೊಟ್ಟರು. ಪಾಠಕ್ಕೆ ಹಾಕಿದರು, ಅವನಿಗೆ ಹಿಡಿಸಲಿಲ್ಲ, ಬಿಟ್ಟ. ತಾನೇ ಕಲಿತ. 1983ರಲ್ಲಿ, ಅಂದರೆ 16ನೇ ವಯಸ್ಸಿನಲ್ಲಿ, ಮ್ಯಾಂಟಾಸ್ ಅಂತ ತಂಡ ಕಟ್ಟಿದ. ಮರುವರ್ಷ ಅದೇ ಡೆತ್ ಆಯಿತು. ಮನೆಯಲ್ಲಿ ಸಾವನ್ನು ಕಂಡ ಹುಡುಗ ತಂಡಕ್ಕೆ ಆ ಹೆಸರಿಟ್ಟ. ಇದನ್ನು ಬರೀ ಪೋಸು ಅನ್ನಲು ನನಗೆ ಮನಸ್ಸು ಬರುವುದಿಲ್ಲ.

ಆಗ ಇಂಥ ಸಂಗೀತ ಹರಡುತ್ತಿದ್ದದ್ದು ಅಂಚೆಯಲ್ಲಿ. ಹುಡುಗರು ಕ್ಯಾಸೆಟ್ಟಿಗೆ ಡಬ್ ಮಾಡಿ ಲಕೋಟೆಗೆ ಹಾಕಿ ಊರೂರಿಗೆ ಕಳಿಸುತ್ತಿದ್ದರು. ಅವರು ಇವರಿಗೆ, ಇವರು ಇನ್ನೊಬ್ಬರಿಗೆ. ಡಬ್ಬಿನ ಮೇಲೆ ಡಬ್ಬಾಗಿ ಕೊನೆಗೆ ಹಾಡಿಗಿಂತ ಹಿಸ್ಸೆನ್ನುವ ಸದ್ದೇ ಜಾಸ್ತಿ. ಆ ದಾರಿಯಲ್ಲೇ ಡೆತ್ ಹೆಸರು ಮಾಡಿತು. 1987ರಲ್ಲಿ ಸ್ಕ್ರೀಮ್ ಬ್ಲಡಿ ಗೋರ್, 1988ರಲ್ಲಿ ಲೆಪ್ರಸಿ, 1990ರಲ್ಲಿ ಸ್ಪಿರಿಚುಯಲ್ ಹೀಲಿಂಗ್. ಮೊದಲ ಆಲ್ಬಮ್ ಪೂರಾ ರಕ್ತ, ಹೆಣ, ದೆವ್ವದ ಸಿನಿಮಾ. ಕೇಳಿ ನೋಡಿದೆ. ಹೊಟ್ಟೆಯೊಳಗಿನ ಆವೇಶ ಇದೆ, ಕೈ ಇನ್ನೂ ಒರಟು. ಅಪ್ರೆಂಟಿಸ್ ಹುಡುಗ ಅರ ಹಿಡಿದ ಹಾಗೆ, ತಗಡು ಸವೆಯುತ್ತದೆ, ಚೌಕ ಬರುವುದಿಲ್ಲ.

ಇಲ್ಲಿ ಒಂದು ಸ್ಟುಡಿಯೋ ವಿಷಯ ಹೇಳಲೇಬೇಕು. ಫ್ಲೋರಿಡಾದ ಟ್ಯಾಂಪಾ ನಗರದಲ್ಲಿ ಟಾಮ್ ಮತ್ತು ಜಿಮ್ ಮಾರಿಸ್ ಅನ್ನುವ ಅಣ್ಣತಮ್ಮಂದಿರು 1981ರಲ್ಲಿ ಮಾರಿಸೌಂಡ್ ಎಂಬ ಸ್ಟುಡಿಯೋ ತೆರೆದರು. ಅಲ್ಲಿ ಸ್ಕಾಟ್ ಬರ್ನ್ಸ್ ಅನ್ನುವ ಎಂಜಿನಿಯರ್ ಇದ್ದ. ಎರಡು ಕಾಲಲ್ಲಿ ಎರಡು ಪೆಡಲ್ ತುಳಿದು ಬಾಸ್ ಡ್ರಮ್ ಬಡಿದರೆ ಮಾಮೂಲಿ ರೆಕಾರ್ಡಿಂಗಿನಲ್ಲಿ ಅದು ಮಣ್ಣಿನ ರಾಶಿಯ ಹಾಗೆ ಕೇಳುತ್ತದೆ. ಆ ಒಂದೊಂದು ಏಟನ್ನೂ ಬಿಡಿಬಿಡಿಯಾಗಿ ಕೇಳಿಸುವುದು ಹೇಗೆ ಅಂತ ಆ ಸ್ಟುಡಿಯೋ ಕಂಡುಕೊಂಡಿತು. ಒಂದು ಏರಿಯಾದಲ್ಲಿ ಒಂದು ಒಳ್ಳೇ ಟೂಲ್ ರೂಮ್ ಇದ್ದರೆ ಸುತ್ತಲಿನ ಎಲ್ಲಾ ಪ್ರೆಸ್ ಶಾಪಿನವರೂ ಅಲ್ಲಿಗೇ ಬರುತ್ತಾರಲ್ಲ, ಹಾಗಾಯಿತು. ಮಾರ್ಬಿಡ್ ಏಂಜಲ್, ಒಬಿಚುವರಿ, ಡಿಯಸೈಡ್ ತಂಡಗಳು ಅಲ್ಲಿಯವೇ. ಚಳಿಯೂರು ಬಫಲೋದಿಂದ ಕ್ಯಾನಿಬಲ್ ಕಾರ್ಪ್ಸ್ ಬಂತು, ಬ್ರೆಜಿಲಿನಿಂದ ಸೆಪಲ್ಟುರಾ ಬಂತು. ಈ ಸ್ಕಾಟ್ ಬರ್ನ್ಸ್ ಮುಂದೆ 1990ರ ದಶಕದ ನಡುವಿನಲ್ಲಿ ಸಂಗೀತದ ಕೆಲಸ ಬಿಟ್ಟು ಕಂಪ್ಯೂಟರ್ ಪ್ರೋಗ್ರಾಮರ್ ಆದ. ಪಕ್ಕದ ಶೆಡ್ಡಿನ ಸಾಫ್ಟ್‌ವೇರ್ ಹುಡುಗರಿಗೆ ಇದನ್ನು ಹೇಳಿದಾಗ ಒಬ್ಬ ನಿಟ್ಟುಸಿರು ಬಿಟ್ಟ. "ನಾವು ಆ ಕಡೆಯಿಂದ ಈ ಕಡೆ ಬರೋಣ ಅಂತಿದ್ದೀವಿ, ಅವನು ಈ ಕಡೆಯಿಂದ ಆ ಕಡೆ ಹೋದ್ನಾ?" ಅಂದ.

1990ರಲ್ಲಿ ಡೆತ್ ತಂಡಕ್ಕೆ ಯುರೋಪ್ ಪ್ರವಾಸ ಗೊತ್ತಾಗಿತ್ತು. ಹೊರಡುವ ಹೊತ್ತಿಗೆ ಚಕ್, ವ್ಯವಸ್ಥೆ ಸರಿಯಿಲ್ಲ, ನಾನು ಬರುವುದಿಲ್ಲ ಅಂದುಬಿಟ್ಟ. ಡ್ರಮ್ಸಿನ ಬಿಲ್ ಆಂಡ್ರೂಸ್, ಬೇಸಿನ ಟೆರ್ರಿ ಬಟ್ಲರ್ ಏನು ಮಾಡಿದರು ಗೊತ್ತೇ? ಜೊತೆಗೆ ಬೇರೆಯವರನ್ನು ನಿಲ್ಲಿಸಿಕೊಂಡು, ಅದೇ ಹೆಸರಲ್ಲಿ, ತಂಡ ಕಟ್ಟಿದವನೇ ಇಲ್ಲದೆ ಯುರೋಪ್ ಸುತ್ತಿ ಬಂದರು. ತಪ್ಪು ಯಾರದ್ದು ಅಂತ ಇವತ್ತಿಗೂ ವಾದ ಇದೆ. ನನ್ನ ಪ್ರಕಾರ ಆರ್ಡರ್ ಒಪ್ಪಿಕೊಂಡು ಡೆಲಿವರಿ ದಿನ ಕೈ ಎತ್ತುವುದು ಸರಿಯಲ್ಲ. ಹಾಗಂತ ಮಾಲೀಕನ ಬೋರ್ಡು ಹೊತ್ತುಕೊಂಡು ಬೇರೆ ಕಡೆ ಅಂಗಡಿ ಇಡುವುದೂ ಸರಿಯಲ್ಲ. ಏನೇ ಇರಲಿ, ಚಕ್ ವಾಪಸ್ ಬಂದವರನ್ನು ಸೇರಿಸಲಿಲ್ಲ. ಇನ್ನು ಮೇಲೆ ಖಾಯಂ ತಂಡವೇ ಬೇಡ, ಒಂದೊಂದು ಆಲ್ಬಮ್ಮಿಗೆ ಬೇಕಾದವರನ್ನು ಕರೆಯುತ್ತೇನೆ ಅಂತ ತೀರ್ಮಾನ ಮಾಡಿದ. ಪೀಣ್ಯದ ಭಾಷೆಯಲ್ಲಿ ಹೇಳಬೇಕಾದರೆ ಪರ್ಮನೆಂಟ್ ಬಂದ್, ಕಾಂಟ್ರ್ಯಾಕ್ಟ್ ಶುರು.

ಆದರೆ ಇಲ್ಲಿ ಒಂದು ವ್ಯತ್ಯಾಸ ಇದೆ. ಕಾಂಟ್ರ್ಯಾಕ್ಟಿಗೆ ಸಾಮಾನ್ಯವಾಗಿ ಅಗ್ಗದವರನ್ನು ತರುತ್ತಾರೆ. ಈತ ತನಗಿಂತ ಕೈ ಚುರುಕಿದ್ದವರನ್ನು ತಂದ. ಮಯಾಮಿಯ ಸಿನಿಕ್ ಅನ್ನುವ ತಂಡದಿಂದ ಗಿಟಾರಿನ ಪಾಲ್ ಮಾಸ್ವಿಡಾಲ್, ಡ್ರಮ್ಸಿನ ಶಾನ್ ರೈನರ್ಟ್. ಇಬ್ಬರಿಗೂ ಆಗ ಇಪ್ಪತ್ತರ ಆಸುಪಾಸು. ಕ್ಯಾಲಿಫೋರ್ನಿಯಾದ ಸೇಡಸ್ ತಂಡದಿಂದ ಬೇಸಿಗೆ ಸ್ಟೀವ್ ಡಿಜಾರ್ಜಿಯೋ. ನನ್ನ ಅನುಭವದಲ್ಲಿ ಒಬ್ಬ ಮೇಸ್ತ್ರಿಯ ಗುಟ್ಟು ಗೊತ್ತಾಗುವುದು ಅವನು ಎಂಥವರನ್ನು ಪಕ್ಕಕ್ಕೆ ನಿಲ್ಲಿಸಿಕೊಳ್ಳುತ್ತಾನೆ ಅನ್ನುವುದರಲ್ಲಿ. ಹೆದರುವವನು ದಡ್ಡರನ್ನು ಇಟ್ಟುಕೊಳ್ಳುತ್ತಾನೆ. 24 ವರ್ಷದ ಚಕ್ ಹೆದರಲಿಲ್ಲ. ಮಾರಿಸೌಂಡಿನಲ್ಲಿ, ಅದೇ ಸ್ಕಾಟ್ ಬರ್ನ್ಸ್ ಜೊತೆ ರೆಕಾರ್ಡಾಯಿತು. 1991ರ ಅಕ್ಟೋಬರ್ 22ಕ್ಕೆ ಹ್ಯೂಮನ್ ಬಿಡುಗಡೆ. ಎಂಟು ತುಣುಕು, ಒಟ್ಟು ಸುಮಾರು 34 ನಿಮಿಷ. ಒಂದು ಸಿನಿಮಾದ ಇಂಟರ್ವಲ್ಲಿನವರೆಗೂ ಬರುವುದಿಲ್ಲ.

ಮೊದಲ ತುಣುಕು ಫ್ಲ್ಯಾಟನಿಂಗ್ ಆಫ್ ಇಮೋಷನ್ಸ್. ಶುರುವಿಗೆ ಡ್ರಮ್ಸು ಮಾತ್ರ, ಅದೂ ಬಹಳ ಸಣ್ಣಗೆ. ರಾತ್ರಿ ಹನ್ನೆರಡರ ಮೇಲೆ ಹೆದ್ದಾರಿಯಲ್ಲಿ ದೂರದಿಂದ ಲಾರಿಗಳ ಸಾಲು ಬರುವಾಗ ಮೊದಲು ಕಿಟಕಿ ಸರಳು ನಡುಗಿ ಆಮೇಲೆ ಸದ್ದು ಬರುತ್ತದಲ್ಲ, ಹಾಗೆ ಏರುತ್ತಾ ಬರುತ್ತದೆ. ಬಂದು ಮೈಮೇಲೆ ನಿಂತಾಗ ಗಿಟಾರುಗಳು ಬೀಳುತ್ತವೆ. ನನ್ನ ಪ್ರೆಸ್ಸು ನಿಮಿಷಕ್ಕೆ 60 ಏಟು ಹೊಡೆಯುತ್ತದೆ. ಈ ಜಾತಿಯ ಡ್ರಮ್ಸಿನಲ್ಲಿ ನಿಮಿಷಕ್ಕೆ 200 ಲಯದಲ್ಲಿ ಒಂದೊಂದು ಮಾತ್ರೆಯನ್ನೂ ನಾಲ್ಕಾಗಿ ಸೀಳಿದರೆ 800 ಏಟು, ಸೆಕೆಂಡಿಗೆ 13. ಮನುಷ್ಯನ ಎರಡು ಪಾದ ಅದನ್ನು ಮಾಡುತ್ತವೆ. ಆದರೆ ಬರೀ ವೇಗ ಆಗಿದ್ದರೆ ನಾನು ಇಷ್ಟು ತಲೆ ಕೆಡಿಸಿಕೊಳ್ಳುತ್ತಿರಲಿಲ್ಲ. ಮೋಟರಿಗೆ ದೊಡ್ಡ ಪುಲ್ಲಿ ಹಾಕಿದರೆ ಯಾವ ಮಷಿನ್ನೂ ಓಡುತ್ತದೆ. ರೈನರ್ಟ್ ಬಾರಿಸುವಾಗ ಮಧ್ಯೆ ಮಧ್ಯೆ ಕಂಚಿನ ತಾಳದ ಅಂಚನ್ನು ಬೆರಳುಗುರಿನಿಂದ ತಾಕಿದ ಹಾಗೆ ಒಂದು ಸಣ್ಣ ಟಿಣ್ ಬರುತ್ತದೆ. ಅಷ್ಟೊಂದು ಗುಡುಗಿನ ನಡುವೆ ಅದಕ್ಕೆ ಯಾಕೆ ಜಾಗ ಮಾಡಿದ? ಅದು ಅಲ್ಲಿರದಿದ್ದರೆ ಯಾರೂ ಕೇಳುತ್ತಿರಲಿಲ್ಲ. ಡೈಯ ಒಳಮೈಗೆ ಪಾಲಿಷ್ ಹಾಕುವವನನ್ನು ಕೇಳಿ, ಉತ್ತರ ಅವನಿಗೆ ಗೊತ್ತಿದೆ.

ರಕ್ತ, ಹೆಣ ಇಲ್ಲಿ ಹೋಯಿತು. ಎರಡನೇ ಹಾಡು ವಾಸಿಯಾಗದ ನೋವಿನಲ್ಲಿ ಬಿದ್ದವರ ಸಾಯುವ ಹಕ್ಕಿನ ಬಗ್ಗೆ ಇದೆ. ಮಿಕ್ಕ ಕಡೆ ನಂಬಿಕೆದ್ರೋಹ, ಮುಖವಾಡ, ತಿಳಿಗೇಡಿತನ. ಒಂದು ತುಣುಕು, ಕಾಸ್ಮಿಕ್ ಸೀ, ಅದರಲ್ಲಿ ಮಾತೇ ಇಲ್ಲ. ದನಿ ಮಾತ್ರ ಅದೇ ಗುರುಗುಟ್ಟುವ ದನಿ. ಪದ ಅರ್ಥವಾಗುವುದಿಲ್ಲ ಅಂತ ನಮ್ಮ ಮನೆಯವಳು ದೂರುತ್ತಾಳೆ. ನನಗೂ ಅರ್ಥವಾಗಲಿಲ್ಲ, ಹುಡುಗರು ಬರೆದುಕೊಟ್ಟರು. ವೀರಗಾಸೆಯವರು ಒಡಪು ಹೇಳುವಾಗ ಎಷ್ಟು ಪದ ಹಿಡಿಯುತ್ತೀಯ ಅಂತ ಅವಳನ್ನು ಕೇಳಿದೆ. "ಅದು ದೇವರದ್ದು, ಬೇರೆ" ಅಂದಳು. ಅಲ್ಲಿಗೆ ಸುಮ್ಮನಾದೆ.

ಇನ್ನು ಆ ಏಳರ ಲೆಕ್ಕ. ನಮ್ಮಲ್ಲಿ ಮಿಶ್ರ ಚಾಪು ಅನ್ನುತ್ತೇವೆ, ತಕಿಟ ತಕಧಿಮಿ. ಐದಾದರೆ ಖಂಡ ಚಾಪು, ತಕ ತಕಿಟ. ಪಡುವಣದ ರಾಕ್ ಸಂಗೀತ ಬಹುಪಾಲು ನಾಲ್ಕರ ಮೇಲೆ ನಡೆಯುತ್ತದೆ. ಅದನ್ನು ಮುರಿದು ಐದು, ಏಳು ತರಲು ಮಾಸ್ವಿಡಾಲ್, ರೈನರ್ಟರಿಗೆ ದಾರಿ ಸಿಕ್ಕಿದ್ದು ಜಾಝ್ ಫ್ಯೂಶನ್ನಿನಿಂದ. ಅದರ ಹುಚ್ಚು ಅವರಿಗೆ ಚೆನ್ನಾಗಿಯೇ ಇತ್ತು. ಫ್ಯೂಶನ್ ಅಂದರೆ ಮೊದಲ ಸಾಲಿನಲ್ಲಿ ಬರುವುದು ಗಿಟಾರ್ ವಾದಕ ಜಾನ್ ಮೆಕ್‌ಲಾಫ್ಲಿನ್ 1971ರಲ್ಲಿ ಕಟ್ಟಿದ ಮಹಾವಿಷ್ಣು ಆರ್ಕೆಸ್ಟ್ರಾ. ಆ ಮನುಷ್ಯ ಅಮೆರಿಕದಲ್ಲಿ ವಿದ್ವಾನ್ ಎಸ್. ರಾಮನಾಥನ್ ಅವರ ಹತ್ತಿರ ವೀಣೆ ಕಲಿತವನು. ಮುಂದೆ ಎಲ್. ಶಂಕರ್, ಜಾಕಿರ್ ಹುಸೇನ್, ಘಟದ ವಿಕ್ಕು ವಿನಾಯಕರಾಮ್ ಜೊತೆ ಶಕ್ತಿ ತಂಡ ಮಾಡಿದ. ಹಾಗಾದರೆ ನಮ್ಮ ಮೃದಂಗದ ಲೆಕ್ಕವೇ ಸುತ್ತಿ ಬಳಸಿ ಫ್ಲೋರಿಡಾಕ್ಕೆ ಹೋಗಿ ಮಾಕಳಿಗೆ ವಾಪಸ್ ಬಂತು ಅಂತ ಎದೆ ತಟ್ಟಿಕೊಳ್ಳಬಹುದೇ? ನಾನು ತಟ್ಟಿಕೊಳ್ಳುವುದಿಲ್ಲ. ಏಳು ಯಾರಪ್ಪನ ಮನೆ ಸ್ವತ್ತೂ ಅಲ್ಲ. ಆದರೆ ಡ್ರಮ್ಸಿನ ಹುಡುಗನಿಗೆ ತಕಿಟ ತಕಧಿಮಿ ಬಾಯಲ್ಲಿ ಹೇಳಿಕೊಂಡು ಬಾರಿಸು ಅಂದೆ. ಎರಡು ವಾರದಿಂದ ಎಡವುತ್ತಿದ್ದ ಜಾಗವನ್ನು ಅವತ್ತೇ ದಾಟಿದ.

ಹ್ಯೂಮನ್ ಒಂಟಿಯಲ್ಲ. ಅದೇ 1991ರಲ್ಲಿ, ಅದೇ ಸ್ಟುಡಿಯೋದಿಂದ, ಅದೇ ಎಂಜಿನಿಯರ್ ಕೈಯಿಂದ ಎಥೀಸ್ಟ್ ಅನ್ನುವ ತಂಡದ ಅನ್‌ಕ್ವೆಶ್ಚನಬಲ್ ಪ್ರೆಸೆನ್ಸ್ ಬಂತು. ಲೆಕ್ಕಾಚಾರದಲ್ಲಿ ಅದು ಇದಕ್ಕಿಂತ ಒಂದು ಕೈ ಮೇಲು ಅನ್ನುವವರಿದ್ದಾರೆ, ನಮ್ಮ ಬೇಸ್ ಹುಡುಗ ಅದರ ಪಕ್ಷ. ಅದರ ಹಿಂದೆಯೂ ಒಂದು ದುಃಖ ಇದೆ. ಅವರ ಬೇಸ್ ವಾದಕ ರೋಜರ್ ಪ್ಯಾಟರ್ಸನ್ ಆ ವರ್ಷದ ಫೆಬ್ರವರಿಯಲ್ಲಿ ಪ್ರವಾಸದಿಂದ ಮರಳುವಾಗ ರಸ್ತೆ ಅಪಘಾತದಲ್ಲಿ ತೀರಿಕೊಂಡ. ಅವನಿಲ್ಲದೆ, ಸಿನಿಕ್‌ನ ಟೋನಿ ಚಾಯ್‌ನನ್ನು ಕರೆದು ಮುಗಿಸಿದರು. ಸಿನಿಕ್ ತಂಡದ ಸ್ವಂತ ಆಲ್ಬಮ್ ಫೋಕಸ್ ಬರಲು 1993 ಆಯಿತು. ಮಧ್ಯೆ 1992ರ ಆಗಸ್ಟಿನಲ್ಲಿ ಆಂಡ್ರೂ ಚಂಡಮಾರುತ ಬಂದು ಅವರ ಅಭ್ಯಾಸದ ಜಾಗವನ್ನೇ ಹಾಳುಮಾಡಿತ್ತು. ಆಮೇಲೆ ಈ ದಾರಿಯಲ್ಲಿ ನಡೆದವರು ಬಹಳ. ಕೆನಡಾದ ಗೊರ್ಗಟ್ಸ್ 1998ರಲ್ಲಿ ಒಬ್ಸ್ಕ್ಯೂರಾ ಅಂತ ಒಂದು ಮಾಡಿದೆ. ಅದನ್ನು ನಾನು ಮೂರು ಸಲ ಕೇಳಿದೆ, ಮೂರು ಸಲವೂ ಸೋತೆ. ಜರ್ಮನಿಯಲ್ಲಿ ಟರ್ಕಿ ಮೂಲದ ಮುಹಮ್ಮದ್ ಸುಯಿಚ್ಮೆಜ್ ನಡೆಸಿದ ನೆಕ್ರೋಫೇಜಿಸ್ಟ್ 2004ರಲ್ಲಿ ಎಪಿಟಾಫ್ ತಂದಿತು. ಅದರ ಫಿನಿಷ್ ಎಷ್ಟು ನುಣುಪು ಅಂದರೆ ಬೆರಳಿಟ್ಟರೆ ಜಾರುತ್ತದೆ. ನನಗೆ ಹ್ಯೂಮನ್ನಿನ ಸ್ವಲ್ಪ ಗರಗಸದ ಗೆರೆ ಉಳಿದ ಮೈಯೇ ಇಷ್ಟ.

ಬೆಂಗಳೂರಿನ ಕಥೆಗೆ ಬರೋಣ. ಇಲ್ಲಿ ಮಿಲೇನಿಯಮ್ ಅನ್ನುವ ತಂಡ 1988ರಲ್ಲೇ ಹೆವಿ ಮೆಟಲ್ ಶುರುಮಾಡಿತ್ತು. ಹ್ಯೂಮನ್ ಬಂದ 1991ರಲ್ಲೇ ಇಲ್ಲಿ ಡೈಯಿಂಗ್ ಎಂಬ್ರೇಸ್ ಹುಟ್ಟಿತು. ನಿಧಾನದ, ಮಣಭಾರದ ಡೆತ್ ಮೆಟಲ್ ಅವರದ್ದು, ವಿಕ್ರಮ್ ಭಟ್ ಹಾಡು, ಜಿಮ್ಮಿ ಪಾಲ್ಖಿವಾಲ ಗಿಟಾರು. ಆ ವರ್ಷ ನಾನು ಎಲ್ಲಿದ್ದೆ? ಸೆಕೆಂಡ್ ಶಿಫ್ಟಿನಲ್ಲಿ, ಕಿವಿಗೆ ಹತ್ತಿ ತುರುಕಿಕೊಂಡು. ಇದೇ ಊರಿನಲ್ಲಿ ಇಂಥದ್ದೊಂದು ನಡೆಯುತ್ತಿದೆ ಅನ್ನುವ ಗಾಳಿಯೂ ನನಗೆ ತಾಕಿರಲಿಲ್ಲ. 1998ರಲ್ಲಿ ಕ್ರಿಪ್ಟೋಸ್ ತಂಡ ಶುರುವಾಯಿತು, 2004ರಲ್ಲಿ ಸ್ಪೈರಲ್ ಅಸೆಂಟ್ ಅನ್ನುವ ಆಲ್ಬಮ್ ತಂದಿತು, 2010ರಲ್ಲಿ ಯುರೋಪ್ ಪ್ರವಾಸ ಹೋಯಿತು, 2013ರಲ್ಲಿ ಜರ್ಮನಿಯ ವಾಕನ್ ಉತ್ಸವದಲ್ಲಿ ನುಡಿಸಿತು. 2007ರ ಮಾರ್ಚ್ 17ರಂದು ಐರನ್ ಮೇಡನ್ ತಂಡ ಅರಮನೆ ಮೈದಾನಕ್ಕೆ ಬಂದಾಗ ದೇಶದ ಮೂಲೆಮೂಲೆಯಿಂದ ಕಪ್ಪು ಟೀ ಶರ್ಟಿನವರು ರೈಲು ಹತ್ತಿ ಬಂದರು. 2011ರ ಅಕ್ಟೋಬರ್ 30ಕ್ಕೆ ಮೆಟಾಲಿಕಾ ಅದೇ ಮೈದಾನದಲ್ಲಿ. 2012ರಿಂದ ಬೆಂಗಳೂರು ಓಪನ್ ಏರ್ ಅಂತ ಇದಕ್ಕೇ ಒಂದು ಉತ್ಸವ ಇದೆ.

ನಮ್ಮ ವಿಷಯಕ್ಕೆ ತೀರಾ ಹತ್ತಿರದ ತಂಡ ಮೈಂಡ್‌ಸ್ನೇರ್. ಬೆಂಗಳೂರಿನದೇ, ಲೆಕ್ಕದ ಡೆತ್ ಮೆಟಲ್ ಬಾರಿಸಿದವರು. 2007ರಲ್ಲಿ ಅವರ ಆಲ್ಬಮ್ ಬಂತು, ಹೆಸರು ಕಂಡೀಷನ್ಡ್ ಹ್ಯೂಮನ್. ಹೆಸರಿನಲ್ಲಿ ಮತ್ತೆ ಮನುಷ್ಯ ಬಂದಿದ್ದು ಆಕಸ್ಮಿಕವೋ ಗುರುವಿಗೆ ನಮಸ್ಕಾರವೋ, ಕೇಳುವವರು ತಮಗೆ ಬೇಕಾದ ಹಾಗೆ ತೆಗೆದುಕೊಳ್ಳಲಿ. ಡ್ರಮ್ಸಿನ ಹಿಂದೆ ಇದ್ದದ್ದು ಯಾಸ್ಮಿನ್ ಕ್ಲೇರ್ ಅನ್ನುವ ಹೆಣ್ಣುಮಗಳು. ಶಾಪ್ ಫ್ಲೋರಿನಲ್ಲಿ ಹೆಣ್ಣುಮಕ್ಕಳನ್ನು ಇನ್‌ಸ್ಪೆಕ್ಷನ್, ಪ್ಯಾಕಿಂಗಿಗೆ ಹಾಕಿ ಪ್ರೆಸ್ಸಿನ ಹತ್ತಿರ ಬಿಡದ ಕಾಲವನ್ನು ನೋಡಿದವನು ನಾನು. ಆ ಬಾರಿಸುವಿಕೆ ಕೇಳಿದ ದಿನ ನಮ್ಮ ಹಳೇ ಮೇಸ್ತ್ರಿಗಳೆಲ್ಲ ನೆನಪಾದರು.

ಒಂದು ಸಣ್ಣ ತಕರಾರು ನನ್ನದು. ಇವರೆಲ್ಲ ಹಾಡುವುದು ಇಂಗ್ಲಿಷಿನಲ್ಲಿ. ಯಾಕ್ರಪ್ಪ, ಕನ್ನಡದಲ್ಲಿ ಗುರುಗುಟ್ಟಲು ಆಗುವುದಿಲ್ಲವೇ ಅಂತ ನಮ್ಮ ಹುಡುಗರನ್ನು ಕೇಳಿದೆ. ನೆಲಮಂಗಲದವನು ತಲೆ ಕೆರೆದುಕೊಂಡ. "ಕನ್ನಡದಲ್ಲಿ ಬರೆದ್ರೆ ಅಮ್ಮಂಗೆ ಅರ್ಥ ಆಗ್ಬಿಡುತ್ತೆ ಅಂಕಲ್" ಅಂದ.

ಚಕ್ ಆಮೇಲೆ ಇನ್ನೂ ಮೂರು ಆಲ್ಬಮ್ ಡೆತ್ ಹೆಸರಲ್ಲಿ ಮಾಡಿದ, ಕೊನೆಯದು 1998ರಲ್ಲಿ. ಪ್ರತಿ ಸಲವೂ ಜನ ಬದಲಾದರು. 1999ರ ಮೇ ತಿಂಗಳಲ್ಲಿ, ಅವನ 32ನೇ ಹುಟ್ಟುಹಬ್ಬದ ದಿನವೇ, ಮಿದುಳಿನ ಬುಡದಲ್ಲಿ ಗಡ್ಡೆ ಇದೆ ಅಂತ ಗೊತ್ತಾಯಿತು. ಅಮೆರಿಕದಲ್ಲಿ ಚಿಕಿತ್ಸೆ ಅಂದರೆ ದುಡ್ಡು. ಸಂಗೀತದವರು, ಅಭಿಮಾನಿಗಳು ಕೈಲಾದಷ್ಟು ಸೇರಿಸಿದರು. 2001ರ ಡಿಸೆಂಬರ್ 13ರಂದು ತೀರಿಕೊಂಡ. 34 ವರ್ಷ. ಹ್ಯೂಮನ್ನಿಗೆ ಎಷ್ಟು ನಿಮಿಷವೋ ಅವನಿಗೆ ಸುಮಾರು ಅಷ್ಟೇ ವರ್ಷ. ನಾಯಿ, ಗಿಡ, ಅಡುಗೆ ಅಂದರೆ ಪ್ರಾಣ ಬಿಡುತ್ತಿದ್ದ ಮೆದು ಸ್ವಭಾವದವನಂತೆ. ರೈನರ್ಟ್ 2020ರ ಜನವರಿಯಲ್ಲಿ ಹೋದ, ಅವನಿಗೂ ಐವತ್ತು ಆಗಿರಲಿಲ್ಲ.

ನಾನು ಹ್ಯೂಮನ್ ಆಲ್ಬಮ್ಮಿನ ಬೆನ್ನು ಬಿದ್ದದ್ದಕ್ಕೆ ಇನ್ನೊಂದು ಕಾರಣ ಇದೆ. ಬೇಸ್ ನುಡಿಸಿದ ಡಿಜಾರ್ಜಿಯೋ ಬೆರಳಿನಲ್ಲೇ ಮೀಟುವವನು, ಈ ಬಗೆಯ ಸಂಗೀತದಲ್ಲಿ ಅವನಷ್ಟು ಕೈಚಳಕದವರು ವಿರಳ ಅಂತ ಬಲ್ಲವರು ಹೇಳುತ್ತಾರೆ. ಆದರೆ 1991ರ ರೆಕಾರ್ಡು ಹಾಕಿ ಕೇಳಿದರೆ ಅವನು ಎಲ್ಲಿ? ಗಿಟಾರುಗಳ ಕೆಳಗೆ, ಡ್ರಮ್ಸಿನ ಹಿಂದೆ, ಹೂತುಹೋಗಿದ್ದಾನೆ. ಮಿಕ್ಸಿಂಗಿನಲ್ಲಿ ಹಾಗಾಗಿದೆ. 20 ವರ್ಷ ಜನ ಆ ಆಲ್ಬಮ್ಮನ್ನು ಕೊಂಡಾಡಿದರು, ಅವನ ಕೆಲಸದ ಅರ್ಧವನ್ನೂ ಕೇಳದೆ. ನಾನು ಮಾಡಿದ ಡೈಗಳೂ ಹಾಗೇ. ಅದರಿಂದ ಬಂದ ತಗಡು ಸ್ಕೂಟರಿಗೆ ಹೋಗುತ್ತದೆ, ಮಿಕ್ಸಿಗೆ ಹೋಗುತ್ತದೆ, ಬಣ್ಣ ಬಳಿದು ಅಂಗಡಿಯಲ್ಲಿ ಇಡುತ್ತಾರೆ. ಡೈ ಎಣ್ಣೆ ಹಚ್ಚಿಸಿಕೊಂಡು ರ್‍ಯಾಕಿನಲ್ಲಿ ಕೂತಿರುತ್ತದೆ.

2011ರಲ್ಲಿ ಹ್ಯೂಮನ್ನಿಗೆ 20 ವರ್ಷ ತುಂಬಿದಾಗ ಮಾರಿಸೌಂಡಿನ ಅದೇ ಜಿಮ್ ಮಾರಿಸ್ ಕೂತು ಹೊಸದಾಗಿ ಮಿಕ್ಸ್ ಮಾಡಿದ. ಬೇಸು ಮೇಲೆ ಬಂತು. ಎರಡನ್ನೂ ಒಂದರ ಹಿಂದೆ ಒಂದು ಕೇಳಿದೆ. ಹಳೆಯದರಲ್ಲಿ ಬರೀ ಗೋಡೆ ಇದ್ದ ಜಾಗದಲ್ಲಿ ಹೊಸದರಲ್ಲಿ ಒಂದು ಬಾಗಿಲು, ಅದರೊಳಗೆ ಒಬ್ಬ ಮನುಷ್ಯ ಕೂತು ತನ್ನ ಪಾಡಿಗೆ ತಾನು ಕೆಲಸ ಮಾಡುತ್ತಿದ್ದಾನೆ. ಬಹಳ ಹೊತ್ತು ಹೆಡ್‌ಫೋನ್ ತೆಗೆಯಲಿಲ್ಲ. ಮನೆಯವಳು ಊಟಕ್ಕೆ ಕರೆದದ್ದೂ ಕೇಳಿಸಲಿಲ್ಲ.

ಮುಂದಿನ ಭಾನುವಾರ ಪಕ್ಕದ ಶೆಡ್ಡಿಗೆ ಹೋದೆ. ಅಭ್ಯಾಸ ಜೋರಾಗಿ ನಡೆದಿತ್ತು. ಬೇಸಿನ ಹುಡುಗ ಎಂದಿನ ಹಾಗೆ ಗೋಡೆ ಕಡೆ, ಟೂಲ್ ಬಾಕ್ಸ್ ಮೇಲೆ ಕೂತಿದ್ದ. ಬೆರಳು ಓಡುವುದು ಕಾಣುತ್ತಿತ್ತು, ಕೇಳುತ್ತಿರಲಿಲ್ಲ. ಕೈ ಎತ್ತಿ ನಿಲ್ಲಿಸಿದೆ.

"ಗಿಟಾರಿನೋರು ಇಬ್ಬರೂ ಸ್ವಲ್ಪ ಕಮ್ಮಿ ಮಾಡ್ಕೊಳ್ರಪ್ಪ. ಇವನದ್ದು ಕೇಳ್ಬೇಕು."

ಆ ಹುಡುಗ ಹಿಂದೆ ತಿರುಗಿ ನೋಡಿದ, ಅಲ್ಲಿ ಬೇರೆ ಯಾರೋ ನಿಂತಿದ್ದಾರೇನೋ ಅನ್ನುವ ಹಾಗೆ.

"ನಂದಾ ಅಂಕಲ್?"

"ನಿಂದೇ ಕಣಪ್ಪ. ಒಂದು ನಿಮಿಷ ಇರು" ಅಂದು ನನ್ನ ಶೆಡ್ಡಿಗೆ ಹೋಗಿ ಪ್ರೆಸ್ಸು ಆರಿಸಿ ಬಂದೆ.